ಮರಳಿನ ಕಣದೊಳಗೆ ಸಿಕ್ಕಿಕೊಂಡ ಕಾಲ: ಓಎಸ್‌ಎಲ್‌ಗೆ ಸ್ಯಾಂಪಲ್ ತೆಗೆಯುವುದು ಹೇಗೆ?

ಪ್ರಶ್ನೆ: ತುಂಗಭದ್ರಾ ದಂಡೆಯ ಹಳೆ ಮೆಕ್ಕಲಿನಲ್ಲಿ 2 ಮೀಟರ್ ಆಳದ ಗುಂಡಿ ತೋಡಿದ್ದೇವೆ. ತಳದ ಮರಳು ಪದರ ಯಾವ ಕಾಲದ್ದು ಅಂತ ತಿಳೀಬೇಕು. ಇದ್ದಿಲು ಸಿಕ್ಕಿಲ್ಲ, ಹಾಗಾಗಿ ಕಾರ್ಬನ್ ಡೇಟಿಂಗ್ ಆಗಲ್ಲ. ಓಎಸ್‌ಎಲ್‌ಗೆ (ಮರಳಿನ ಕಣ ಕೊನೆಯ ಸಲ ಬಿಸಿಲು ಕಂಡು ಎಷ್ಟು ಕಾಲವಾಯ್ತು ಅಂತ ಬೆಳಕು ಹಾಯಿಸಿ ಅಳೆಯೋ ವಿಧಾನ) ರಾತ್ರಿ ಹೊತ್ತು ಮರಳನ್ನು ಜಿಪ್‌ಲಾಕ್ ಕವರಿಗೆ ತುಂಬಿಕೊಂಡರೆ ಸಾಕಾ ಸರ್? ಅದೇ ಪದರದಲ್ಲಿ ನಾಲ್ಕು ಮಡಕೆ ಚೂರೂ ಇವೆ.

ಉತ್ತರ: ಸಾಲದು. ಮಣ್ಣಿನಲ್ಲಿರೋ ಯುರೇನಿಯಂ, ಥೋರಿಯಂ, ಪೊಟ್ಯಾಸಿಯಂಗಳ ವಿಕಿರಣ ಮರಳಿನ ಸ್ಫಟಿಕದ (ಕ್ವಾರ್ಟ್ಜ್) ಕಣಕ್ಕೆ ಬಡಿದಾಗ ಎಲೆಕ್ಟ್ರಾನ್‌ಗಳು ಹರಳಿನ ದೋಷಗಳಲ್ಲಿ ಸಿಕ್ಕಿಬೀಳುತ್ತವೆ. ಕಣ ಹೂತು ಕೂತಷ್ಟು ಕಾಲ ಅವು ಜಮೆಯಾಗುತ್ತಾ ಹೋಗುತ್ತವೆ, ಬಿಸಿಲು ತಾಗಿದರೆ ಲೆಕ್ಕ ಸೊನ್ನೆಗೆ ಇಳಿಯುತ್ತೆ. ನಿಮ್ಮ ಗುಂಡಿಯ ಗೋಡೆ ಹಗಲಲ್ಲೇ ಬೆಳಕು ಕಂಡಿದೆ, ಆ ಮೇಲ್ಮೈ ಕಣಗಳು ಈಗಾಗಲೇ ಖಾಲಿ. ರಾತ್ರಿ ಮೊಬೈಲ್ ಟಾರ್ಚ್ ಹಾಕಿದಿರೋ, ಉಳಿದದ್ದೂ ಹೋಯ್ತು. ಬಿಳಿ ಎಲ್‌ಇಡಿಯಲ್ಲಿ ನೀಲಿ ಬೆಳಕು ಇದ್ದೇ ಇರುತ್ತೆ, ಲ್ಯಾಬಿನಲ್ಲಿ ಎಲೆಕ್ಟ್ರಾನ್ ಹೊರಡಿಸೋಕೆ ಬಳಸೋದೂ ಸುಮಾರು 470 ನ್ಯಾನೋಮೀಟರಿನ ನೀಲಿ ಬೆಳಕನ್ನೇ.

ಹಗಲಲ್ಲೇ ತೆಗೀರಿ, ಆದರೆ ಪೈಪಿನಲ್ಲಿ. 5 ಸೆಂ.ಮೀ. ವ್ಯಾಸ, 25 ಸೆಂ.ಮೀ. ಉದ್ದದ ಕಬ್ಬಿಣದ ಪೈಪ್, ಒಂದು ತುದಿ ಹರಿತ ಮಾಡಿಸಿ. ಗೋಡೆಯನ್ನು ಕರಣೆಯಿಂದ ಒಂದೆರಡು ಇಂಚು ಕೆರೆದು, ಪೈಪನ್ನು ಅಡ್ಡಡ್ಡ ಸುತ್ತಿಗೆಯಿಂದ ಹೊಡೀರಿ. ಹಿಂದಿನ ತುದಿಗೆ ಮೊದಲೇ ಕಪ್ಪು ಪ್ಲಾಸ್ಟಿಕ್ ತುರುಕಿರಬೇಕು. ಪೈಪ್ ಗಟ್ಟಿಯಾಗಿ ತುಂಬಬೇಕು. ಅರ್ಧಂಬರ್ಧ ತುಂಬಿದರೆ ಲ್ಯಾಬ್ ಸೇರೋ ಹೊತ್ತಿಗೆ ಒಳಗಿನ ಮರಳು ಅಲುಗಾಡಿ, ತುದಿಯ ಬೆಳಕು ಕಂಡ ಕಣ ನಡುವಿನ ಕಣದೊಂದಿಗೆ ಬೆರೆತುಹೋಗುತ್ತೆ. ಆಮೇಲೆ ಬೇರ್ಪಡಿಸೋಕೆ ದಾರಿಯಿಲ್ಲ. ಸರಿಯಾಗಿ ತುಂಬಿದ್ದರೆ, ಕೆಂಪು ಬೆಳಕಿನ ಕೋಣೆಯಲ್ಲಿ ಎರಡೂ ತುದಿಯ 2–3 ಸೆಂ.ಮೀ. ತೆಗೆದಿಟ್ಟು ನಡುವಿನದನ್ನು ಮಾತ್ರ ಬಳಸುತ್ತಾರೆ.

ಇನ್ನೊಬ್ಬರು: ಒಂದು ಸೇರಿಸ್ತೀನಿ. ಬಿಳಿ ಪಿವಿಸಿ ಪೈಪ್ ಅಗ್ಗ ಅಂತ ತರಬೇಡಿ, ಅದರೊಳಗೆ ಬೆಳಕು ಸೋರುತ್ತೆ. ಎಲ್ಲರೂ ಪೈಪಿನ ಬಗ್ಗೆಯೇ ತಲೆ ಕೆಡಿಸಿಕೊಳ್ತಾರೆ, ಹೊರಗಿನ ಮಣ್ಣನ್ನು ಮರೀತಾರೆ. ವಯಸ್ಸು ಅಂದರೆ ಒಂದು ಭಾಗಾಕಾರ: ಕಣ ಉಂಡ ಒಟ್ಟು ಡೋಸ್ 12 ಗ್ರೇ (ಹೀರಿದ ವಿಕಿರಣದ ಅಳತೆ), ಆ ಜಾಗದಲ್ಲಿ ಸಾವಿರ ವರ್ಷಕ್ಕೆ ಸಿಗೋದು 3 ಗ್ರೇ ಅಂದರೆ 4,000 ವರ್ಷ. ಭಾಗಿಸೋ ಸಂಖ್ಯೆ, ಅಂದರೆ ಸುತ್ತಲಿನಿಂದ ಸಿಗೋ ಡೋಸ್, ತಪ್ಪಿದರೆ ಯಂತ್ರ ಎಷ್ಟು ನಿಖರವಾಗಿದ್ದೂ ಪ್ರಯೋಜನವಿಲ್ಲ. ಗಾಮಾ ಕಿರಣ ಸುಮಾರು 30 ಸೆಂ.ಮೀ. ದೂರದಿಂದಲೂ ಬರುತ್ತೆ. ಆ ದೂರದೊಳಗೆ ಗುಂಡುಕಲ್ಲು ಅಥವಾ ಬೇರೆ ಪದರವಿದ್ದರೆ ಜಾಗ ಬದಲಿಸಿ, ಇಲ್ಲವೇ ಅದರದ್ದೂ ಒಂದು ಸ್ಯಾಂಪಲ್ ಕೊಡಿ. ಪೈಪಿನ ಸುತ್ತಲಿನ ಮಣ್ಣು ಅರ್ಧ ಕೆ.ಜಿ. ಬೇರೆ ಚೀಲದಲ್ಲಿರಲಿ.

ತೇವಾಂಶ ಅಳೆಯೋಕೆ ಒಂದು ಸಣ್ಣ ಡಬ್ಬಿ ಮಣ್ಣು, ಆಗಲೇ ಟೇಪ್ ಸುತ್ತಿ ಮುಚ್ಚಿ. ನೀರು ವಿಕಿರಣವನ್ನು ಹೀರುತ್ತೆ. ತೇವ ಶೇ 1ರಷ್ಟು ಹೆಚ್ಚಾದರೆ ಲೆಕ್ಕಕ್ಕೆ ಬರುವ ವಯಸ್ಸೂ ಹೆಚ್ಚುಕಡಿಮೆ ಶೇ 1 ಏರುತ್ತೆ. ಬೇಸಿಗೆಯಲ್ಲಿ ಒಣಗಿದ ಗೋಡೆಯ ತೇವವನ್ನೇ ಸಾವಿರಾರು ವರ್ಷಕ್ಕೂ ಹಚ್ಚಿದರೆ ಹೊಳೆದಂಡೆಯಲ್ಲಿ ಉತ್ತರ ಎಳೆಯದಾಗಿ ಬರುತ್ತೆ.

ಪ್ರಶ್ನೆ: ಹೊಳೆ ಮರಳು ಅಂದಮೇಲೆ ಪ್ರವಾಹದ ಕೆಸರುನೀರಿನಲ್ಲಿ ಬಿಸಿಲು ಸರಿಯಾಗಿ ಬಿದ್ದಿರುತ್ತಾ?

ಮೊದಲಿನವರು: ಒಳ್ಳೆ ಪ್ರಶ್ನೆ. ಎಷ್ಟೋ ಸಲ ಬಿದ್ದಿರಲ್ಲ. ಆಗ ಕೆಲವು ಕಣ ಹಳೇ ಬಾಕಿ ಹೊತ್ತುಕೊಂಡೇ ಹೂತಿರುತ್ತವೆ, ಸರಾಸರಿ ಹಿಡಿದರೆ ಪದರ ಇರುವುದಕ್ಕಿಂತ ಹಳೆಯದಾಗಿ ಕಾಣುತ್ತೆ. ಸಣ್ಣ ಸಣ್ಣ ಪಾಲು ಅಥವಾ ಒಂದೊಂದೇ ಕಣ ಅಳೆದು ಚೆದುರುವಿಕೆ ನೋಡಿ ಅಂತ ಲ್ಯಾಬಿಗೆ ಮೊದಲೇ ಹೇಳಿ. ಚೆದುರಿದ್ದರೆ ಕನಿಷ್ಠ ವಯಸ್ಸಿನ ಮಾದರಿ (ಕಡಿಮೆ ಡೋಸಿನ ಕಣಗಳನ್ನು ಆಧರಿಸಿ ವಯಸ್ಸು ಹಿಡಿಯೋ ಲೆಕ್ಕ) ಹಾಕಬೇಕು. ನಿಮ್ಮದು ಗ್ರಾನೈಟ್ ಸೀಮೆ, ಫೆಲ್ಡ್‌ಸ್ಪಾರ್ ಅನ್ನೋ ಖನಿಜ ಧಾರಾಳ. ಅದರಲ್ಲಿ ಸೆರೆಯಾದದ್ದು ಕತ್ತಲಲ್ಲೂ ಸೋರುತ್ತೆ, ವಯಸ್ಸು ಕಡಿಮೆ ತೋರಿಸುತ್ತೆ. ಅದನ್ನು ಕರಗಿಸೋಕೆ ಹೈಡ್ರೋಫ್ಲೋರಿಕ್ ಆಮ್ಲದಲ್ಲಿ ತೊಳೆದ ಮೇಲೂ ಇನ್‌ಫ್ರಾರೆಡ್ ಬೆಳಕಿಗೆ ಸಿಗ್ನಲ್ ಬಂದರೆ ಫೆಲ್ಡ್‌ಸ್ಪಾರ್ ಉಳಿದಿದೆ ಅಂತಲೇ ಅರ್ಥ.

ಮಡಕೆ ಚೂರಿಗೆ ಥರ್ಮೋಲ್ಯೂಮಿನೆಸೆನ್ಸ್ (ಬಿಸಿ ಮಾಡಿ, ಹೊರಡೋ ಬೆಳಕನ್ನು ಅಳೆಯೋ ವಿಧಾನ) ಮಾಡಿಸಿ. 500 ಡಿಗ್ರಿ ಸೆಲ್ಸಿಯಸ್ ದಾಟಿ ಸುಟ್ಟಾಗ ಅದರ ಲೆಕ್ಕ ಸೊನ್ನೆಯಾಗಿರುತ್ತೆ. ಚೂರು 5 ಮಿ.ಮೀ.ಗಿಂತ ದಪ್ಪ ಇರಲಿ, ಲ್ಯಾಬಿನಲ್ಲಿ ಹೊರಗಿನ 2 ಮಿ.ಮೀ. ತೆಗೆದುಹಾಕಲೇಬೇಕು. ನೀವು ತೊಳೀಬೇಡಿ, ಅಂಟಿದ ಮಣ್ಣು ಹಾಗೇ ಇರಲಿ. ಹೊಳೆ ಹೊತ್ತು ತಂದ ಚೂರಾದರೆ ಪದರಕ್ಕಿಂತ ಹಳೆಯದು ಬಂದೀತು, ಗಾಬರಿ ಬೇಡ. ವರದಿಯಲ್ಲಿ 4,000 ಅಂತ ಇದ್ದರೆ ಅಳೆದ ವರ್ಷದಿಂದ ಹಿಂದಕ್ಕೆ ಎಣಿಸಿ. 1950ರಿಂದ ಎಣಿಸೋದು ಕಾರ್ಬನ್‌ನವರು.