ಸಹಾಯ ಬೇಕು: ನರಿತಾಯಿಯ ಪದ್ಯದ ಒಂದು ಪದಕ್ಕೆ

ಜಪಾನಿನ ಕುಜುನೊಹಾ ಅನ್ನುವ ನರಿತಾಯಿಯ ಕಥೆಯನ್ನು (ಆ ಹೆಸರಿಗೆ 'ಕುಜು ಬಳ್ಳಿಯ ಎಲೆ' ಅಂತ ಅರ್ಥ) ಮಕ್ಕಳಿಗೆ ಹೇಳಲು ಕನ್ನಡಕ್ಕೆ ತರುತ್ತಿದ್ದೇನೆ. ಯಾಸುನಾ ಅನ್ನುವವನು ಬೇಟೆಗಾರರಿಂದ ಕಾಪಾಡಿದ ಬಿಳಿ ನರಿ ಹೆಣ್ಣಾಗಿ ಬಂದು ಅವನ ಜೊತೆ ಸಂಸಾರ ಹೂಡುತ್ತದೆ. ಮಗ ಹುಟ್ಟುತ್ತಾನೆ. ಕೊನೆಗೆ ಕಾಗದದ ಬಾಗಿಲ ಮೇಲೆ ಪದ್ಯ ಬರೆದಿಟ್ಟು ತಾಯಿ ಕಾಡಿಗೆ ಮರಳುತ್ತಾಳೆ. (ಕಬುಕಿ ನಾಟಕದಲ್ಲಿ ಮಗುವನ್ನು ಎತ್ತಿಕೊಂಡೇ, ಬಾಯಲ್ಲಿ ಕುಂಚ ಕಚ್ಚಿ ಬರೆಯುತ್ತಾಳೆ!) 'ನೆನಪಾದರೆ ಶಿನೊಡಾ ಕಾಡಿಗೆ ಬಾ' ಅನ್ನುವವರೆಗೂ ಸರಾಗವಾಗಿ ಬಂತು. 'ಉರಾಮಿ' ಅನ್ನುವ ಪದದಲ್ಲಿ ಸಿಕ್ಕಿಬಿದ್ದೆ. ಅದಕ್ಕೆ ನೋವು ತುಂಬಿದ ಮುನಿಸು ಅಂತಲೂ ಅರ್ಥ, ಎಲೆಯ ಬೆನ್ನು ನೋಡುವುದು ಅಂತಲೂ ಅರ್ಥ. ಕುಜು ಬಳ್ಳಿಯ ಎಲೆ ಗಾಳಿಗೆ ಮಗುಚಿದರೆ ಬೆಳ್ಳಗೆ ಕಾಣುತ್ತದಲ್ವಾ, ಅದು. 'ಮುನಿಸು' ಹಾಕಿದೆ, ಎಲೆ ಹೋಯಿತು. 'ಬೆನ್ನು ತಿರುಗಿಸಿದ ಎಲೆ' ಅಂದೆ, ಬರೀ ಕೋಪ ಉಳಿಯಿತು. ಬಾಯಲ್ಲಿ ಹೇಳುವ ಕಥೆಗೆ ಅಡಿಟಿಪ್ಪಣಿ ಹಾಕೋಕಾಗಲ್ಲ. ಎಲೆ, ಸಂಕಟ ಎರಡನ್ನೂ ಹಿಡಿಯುವ ಕನ್ನಡ ಪದವೋ ನುಡಿಗಟ್ಟೋ ಯಾರಿಗಾದರೂ ಹೊಳೆಯುತ್ತಾ?