ಪೊಲಿಸ್‌ಗೆ 'ನಗರರಾಜ್ಯ' ಸಾಕೇ? 'ಊರು' ಅಂದರೆ ತಪ್ಪಾಗುತ್ತದೆಯೇ?

ಎಲ್ಲರಿಗೂ ನಮಸ್ಕಾರ. ಒಂದು ಪದದ ಹತ್ತಿರ ಹದಿನೈದು ದಿನದಿಂದ ಸಿಕ್ಕಿಹಾಕಿಕೊಂಡಿದ್ದೇನೆ, ಬಿಡಿಸಿಕೊಡಿ. ಹೈಸ್ಕೂಲು ಮಕ್ಕಳು ಓದಲಿ ಅಂತ ಹಳೆಯ ಗ್ರೀಸಿನ ಬಗ್ಗೆ ಸಣ್ಣ ಪುಸ್ತಕ ಬರೆಯುತ್ತಿದ್ದೇನೆ. ಅದರಲ್ಲಿ ಪುಟಕ್ಕೆ ನಾಲ್ಕು ಸಲ ಬರುವ ಪದ 'ಪೊಲಿಸ್'. ನಾವೆಲ್ಲ ಶಾಲೆಯಲ್ಲಿ ಓದಿದ್ದು 'ನಗರರಾಜ್ಯ'. ಅದನ್ನೇ ಇಟ್ಟುಕೊಂಡು ಮೂರು ಅಧ್ಯಾಯ ಬರೆದೆ. ಸ್ಪಾರ್ಟಕ್ಕೆ ಬಂದಾಗ ಗಾಡಿ ನಿಂತಿತು.

ಯಾಕೆಂದರೆ ಸ್ಪಾರ್ಟ ನಗರವೇ ಅಲ್ಲ! ಪಿಟಾನ, ಮೆಸೋವ, ಲಿಮ್ನೈ, ಕಿನೊಸೂರ ಅಂತ ನಾಲ್ಕು ಹಳ್ಳಿ ಅಕ್ಕಪಕ್ಕ, ಸ್ವಲ್ಪ ದೂರದಲ್ಲಿ ಅಮಿಕ್ಲೈ ಅಂತ ಐದನೆಯದು, ಅಷ್ಟೇ. ಸುತ್ತ ಕೋಟೆಗೋಡೆ ಕೂಡ ಇರಲಿಲ್ಲ. ಇದು ಪಾಳುಬಿದ್ದರೆ ಮುಂದಿನವರು ಇವರಿಗೆ ಅಷ್ಟು ಬಲ ಇತ್ತು ಅಂದರೆ ನಂಬಲಿಕ್ಕಿಲ್ಲ, ಹಳೇ ಕಾಲದ ಹಾಗೆ ಹಳ್ಳಿಹಳ್ಳಿಯಾಗಿ ಬದುಕುವ ಜನ ಅಂತ ಆ ಕಾಲದ ಇತಿಹಾಸಕಾರ ಥುಸಿಡಿಡೀಸನೇ ಬರೆದಿದ್ದಾನೆ. ಆದರೂ ಗ್ರೀಕರ ಕಣ್ಣಿಗೆ ಅದು ಪೊಲಿಸ್, ಅದರಲ್ಲಿ ಯಾರಿಗೂ ಅನುಮಾನ ಇರಲಿಲ್ಲ. ಸರಿ, 'ನಗರ' ಬಿಟ್ಟು 'ರಾಜ್ಯ' ಉಳಿಸಿಕೊಳ್ಳೋಣ ಅಂದರೆ, ಸ್ಪಾರ್ಟದ ಕೈಕೆಳಗೆ ಇದ್ದ ಪೆರಿಯಾಯ್ಕೊಯ್ ಅನ್ನುವವರ ಊರುಗಳನ್ನೂ ಗ್ರೀಕರು ಪೊಲಿಸ್ ಅಂದಿದ್ದಾರೆ. ಯುದ್ಧ ಮಾಡಬೇಕೋ ಬೇಡವೋ ಅಂತ ತೀರ್ಮಾನಿಸುವ ಹಕ್ಕು ಆ ಊರುಗಳಿಗೆ ಇರಲಿಲ್ಲ, ಸ್ಪಾರ್ಟ ಕರೆದರೆ ಹೋಗಬೇಕು. ಅದನ್ನು ರಾಜ್ಯ ಅನ್ನುವುದು ಹೇಗೆ? ಮೇಲಾಗಿ 'ರಾಜ್ಯ' ಅಂದ ಕೂಡಲೇ ನಮ್ಮ ಮಕ್ಕಳ ತಲೆಗೆ ಬರುವುದು ಒಬ್ಬ ರಾಜ, ಇಲ್ಲದಿದ್ದರೆ ಕರ್ನಾಟಕ ರಾಜ್ಯ. (ಸ್ಪಾರ್ಟದಲ್ಲಿ ಒಬ್ಬರಲ್ಲ, ಒಟ್ಟಿಗೆ ಇಬ್ಬರು ರಾಜರಿದ್ದರು, ಅದು ಬೇರೆ ಮಾತು.)

ಅಥೆನ್ಸ್ ತೆಗೆದುಕೊಂಡರೂ ತೊಂದರೆಯೇ. ಅದರ ಸೀಮೆ ಆಟಿಕಾ ಸುಮಾರು 2,500 ಚದರ ಕಿಲೋಮೀಟರ್, ಅದರಲ್ಲಿ 139 ದೇಮೆಗಳು, ಅಂದರೆ ಹಳ್ಳಿಗಳು, ಕೇರಿಗಳು. ಮ್ಯಾರಥಾನಿನಲ್ಲಿ ಹೊಲ ಉಳುವವನೂ ಸೂನಿಯನ್ನಿನ ಬೆಸ್ತನೂ ಪೇಟೆ ಚೌಕದ ಪಕ್ಕದಲ್ಲಿ ಮನೆ ಇರುವವನಷ್ಟೇ ಪೂರ್ತಿ ಅಥೆನ್ಸಿನವರು. ಪೇಟೆಗೆ ಅವರದೇ ಬೇರೆ ಪದ ಇತ್ತು, 'ಅಸ್ಟು'. ನಗರರಾಜ್ಯ ಅಂದಾಗ ನಗರ ಹಳ್ಳಿಗಳನ್ನು ಆಳುತ್ತಿತ್ತು ಅನ್ನುವ ಚಿತ್ರ ಬರುತ್ತದಲ್ವಾ, ಅದು ಇಲ್ಲಿ ಪೂರಾ ತಪ್ಪು.

ಈಗ ನನಗೆ ಜಾಸ್ತಿ ಕುತೂಹಲ ಹುಟ್ಟಿಸಿದ ವಿಷಯ. ಗ್ರೀಕರು 'ಅಥೆನ್ಸ್ ಯುದ್ಧ ಸಾರಿತು' ಅಂತ ಬರೆಯುವುದು ಅಪರೂಪ, 'ಅಥೆನ್ಸಿನವರು ಯುದ್ಧ ಸಾರಿದರು' ಅನ್ನುವುದೇ ವಾಡಿಕೆ. ಒಪ್ಪಂದಗಳೂ ಹಾಗೇ, ಅಥೆನ್ಸಿನವರಿಗೂ ಲಾಕೆಡೈಮನ್ನಿನವರಿಗೂ (ಅಂದರೆ ಸ್ಪಾರ್ಟದವರಿಗೂ) ನಡುವೆ. ಸಿರಕ್ಯೂಸಿನ ಬೆಳ್ಳಿ ನಾಣ್ಯ ನೋಡಿ, ಮೇಲೆ ಇರುವ ಅಕ್ಷರಗಳ ಅರ್ಥ 'ಸಿರಕ್ಯೂಸಿನವರದು' ಅಂತ, ಬರೀ ಊರ ಹೆಸರಲ್ಲ. ಅಂದರೆ ಪೊಲಿಸ್ ಅಂದರೆ ಮೊದಲು ಜನ, ಆಮೇಲೆ ಜಾಗ. ಕ್ರಿ.ಪೂ. 480ರಲ್ಲಿ ಪರ್ಷಿಯದ ಸೈನ್ಯ ಅಥೆನ್ಸನ್ನು ಸುಟ್ಟಾಗ ಜನ ಹಡಗು ಹತ್ತಿ ಹೋಗಿದ್ದರು. ಪಕ್ಕದ ಸಲಾಮಿಸ್ ದ್ವೀಪದಲ್ಲಿ ಗ್ರೀಕ್ ಸೇನಾಪತಿಗಳ ಸಭೆ ಕೂತಾಗ ಕೊರಿಂಥದ ಅಡೈಮಾಂಟಸ್ ಅಥೆನ್ಸಿನ ಥೆಮಿಸ್ಟೊಕ್ಲೀಸನಿಗೆ, ಪೊಲಿಸ್ ಇಲ್ಲದವನ ಮಾತಿಗೆ ಇಲ್ಲಿ ಮತ ಹಾಕಬೇಕಿಲ್ಲ, ಸುಮ್ನಿರು ಅನ್ನುವಂತೆ ಗದರಿದ. ಜನ ತುಂಬಿದ 200 ಹಡಗು ಇರುವ ತನಕ ನಮ್ಮ ಪೊಲಿಸ್ ನಿಮ್ಮದಕ್ಕಿಂತ ದೊಡ್ಡದು ಅಂತ ಇವನು ತಿರುಗಿಸಿ ಕೊಟ್ಟ. ಇದನ್ನು ಹೇಳಿರುವುದು ಇತಿಹಾಸಕಾರ ಹೆರೊಡೊಟಸ್. ಇನ್ನೊಂದು, 413ರಲ್ಲಿ ಸಿಸಿಲಿಯಲ್ಲಿ ಸೋತು ಸುಣ್ಣವಾಗಿ ಹಿಂದೆ ಸರಿಯುತ್ತಿದ್ದ ಅಥೆನ್ಸಿನ ಸೈನಿಕರಿಗೆ ಅವರ ಸೇನಾಪತಿ ನಿಕಿಯಾಸ್ ಹೇಳುವ ಮಾತು: ನೀವು ಎಲ್ಲಿ ಕೂತರೂ ಅಲ್ಲೇ ಒಂದು ಪೊಲಿಸ್, ಗಂಡಸರೇ ಪೊಲಿಸ್, ಗೋಡೆಗಳಲ್ಲ, ಜನರಿಲ್ಲದ ಹಡಗುಗಳೂ ಅಲ್ಲ.

ಈ ಮಾತನ್ನು ನಾನು ಪರೀಕ್ಷೆಗೆ ಇಟ್ಟುಕೊಂಡೆ. 'ಗಂಡಸರೇ ನಗರರಾಜ್ಯ' ಅಂದರೆ ಓದಿದವರು ನಗುತ್ತಾರೆ. 'ಪುರ' ಹಾಕಿ ನೋಡಿದೆ. ಸಂಸ್ಕೃತದ ಪುರ, ಗ್ರೀಕಿನ ಪೊಲಿಸ್ ಒಂದೇ ಬೇರಿನವು ಅಂತ ಭಾಷೆ ಬಲ್ಲವರು ಹೇಳುತ್ತಾರೆ, ಎರಡಕ್ಕೂ ಹಳೆಯ ಅರ್ಥ ಕೋಟೆ. ಅಥೆನ್ಸಿನವರು ಥುಸಿಡಿಡೀಸನ ಕಾಲದಲ್ಲೂ ಅಕ್ರೊಪೊಲಿಸ್ ಗುಡ್ಡವನ್ನು ಬರೀ 'ಪೊಲಿಸ್' ಅಂತಲೇ ಕರೆಯುತ್ತಿದ್ದರು. ಪುರದಿಂದ 'ಪೌರ' ಬರುವ ಹಾಗೆ ಪೊಲಿಸ್‌ನಿಂದ 'ಪೊಲಿಟೀಸ್' (ಪೊಲಿಸ್‌ನ ಹಕ್ಕುದಾರ ಸದಸ್ಯ), ಅದೂ ಸೊಗಸಾಗಿ ಕೂರುತ್ತದೆ. ಆದರೆ ಪೌರಾಡಳಿತ, ಪೌರಾಯುಕ್ತ ಅಂತ ಕೇಳಿ ಕೇಳಿ ಆ ಪದಕ್ಕೆ ಕಂದಾಯದ ರಸೀದಿಯ ವಾಸನೆ ಅಂಟಿಬಿಟ್ಟಿದೆ. ಹಳಗನ್ನಡದ 'ಪೊೞಲ್' ಅಂತ ಗೆಳೆಯರೊಬ್ಬರು ಸೂಚಿಸಿದರು, ಈಗಲೂ ಹೊಳಲು ಅನ್ನುವ ಊರುಗಳಿವೆ. ಕಿವಿಗೆ ಪೊಲಿಸ್ ಹತ್ತಿರವೇ ಕೇಳಿಸುತ್ತದೆ, ಆದರೆ ಅದು ದ್ರಾವಿಡ ಪದ, ಇದಕ್ಕೂ ಅದಕ್ಕೂ ಸಂಬಂಧವಿಲ್ಲ, ಹೈಸ್ಕೂಲು ಮಕ್ಕಳಿಗೆ ಗೊತ್ತೂ ಇಲ್ಲ.

ಹಾಗಾದರೆ 'ಪೊಲಿಸ್' ಅಂತಲೇ ಬಿಟ್ಟುಬಿಡೋಣ ಅಂದುಕೊಂಡೆ. ಕರಡು ತಿದ್ದಲು ಕೊಟ್ಟಿದ್ದವರು ಎಲ್ಲ ಕಡೆ ದೀರ್ಘ ಕೊಟ್ಟು 'ಪೊಲೀಸ್' ಮಾಡಿ ಕಳಿಸಿದರು. 'ಸ್ಪಾರ್ಟದ ಪೊಲೀಸಿಗೆ ಗೋಡೆ ಇರಲಿಲ್ಲ' ಅಂತ ಓದಿ ನನಗೆ ನಗು ತಡೆಯಲಾಗಲಿಲ್ಲ. ಅವರ ತಪ್ಪೂ ಅಲ್ಲ ಬಿಡಿ, ಪೊಲೀಸ್ ಅನ್ನುವ ಪದ ಸುತ್ತಿ ಬಳಸಿ ಹುಟ್ಟಿದ್ದೂ ಇದೇ ಪೊಲಿಸ್‌ನಿಂದಲೇ. ತಮಾಷೆ ಅಂದರೆ ಅಥೆನ್ಸಿನಲ್ಲಿ ಸಭೆಯ ಗಲಾಟೆ ಹತ್ತಿಕ್ಕುವ ಕೆಲಸ ಮಾಡುತ್ತಿದ್ದದ್ದು ಸಿಥಿಯನ್ ಬಿಲ್ಲುಗಾರರು, ಪೊಲಿಸ್ ಕೊಂಡು ಸಾಕಿದ ಗುಲಾಮರು. ಅಲ್ಲಿನ ಪೊಲೀಸರು ಪೊಲಿಸ್‌ನವರಲ್ಲ!

ಕೊನೆಗೆ ನಿಂತದ್ದು 'ಊರು' ಮೇಲೆ. 'ಜನವೇ ಊರು, ಗೋಡೆಯಲ್ಲ' ಅಂದಾಗ ವಿವರಿಸಬೇಕಾದ ಅಗತ್ಯವೇ ಇಲ್ಲ. ನಾವು 'ಊರೇ ಸೇರಿತ್ತು', 'ಊರು ಒಪ್ಪಲಿಲ್ಲ' ಅನ್ನುವಾಗ ಮನೆಗಳು ಸೇರಿದವು ಅಂತ ಯಾರಾದರೂ ತಿಳಿಯುತ್ತಾರಾ? ಜಾಗ, ಜನ, ತೀರ್ಮಾನ ಮಾಡುವ ಗುಂಪು, ಮೂರೂ ಒಂದೇ ಪದದಲ್ಲಿ ಇವೆ, ಪೊಲಿಸ್‌ನಲ್ಲಿ ಇದ್ದ ಹಾಗೇ. ಕ್ರಿ.ಪೂ. 385ರಲ್ಲಿ ಸ್ಪಾರ್ಟದವರು ಮಾಂಟಿನೇಯ ಅನ್ನುವ ಪೊಲಿಸ್ಸನ್ನು ಗೆದ್ದು ಗೋಡೆ ಕೆಡವಿ ಜನರನ್ನು ಹಳ್ಳಿಗಳಿಗೆ ಹಂಚಿ ಕಳಿಸಿದರು. ಹೊಲ ಇತ್ತು, ಜನ ಇದ್ದರು, ಪೊಲಿಸ್ ಇರಲಿಲ್ಲ. ಸ್ಪಾರ್ಟದ ಬಲ ಕುಗ್ಗಿದ ಮೇಲೆ 370ರಲ್ಲಿ ಮತ್ತೆ ಒಟ್ಟಾದರು. ಇದಕ್ಕೆ 'ಊರು ಒಡೆದರು, ಊರು ಕೂಡಿತು' ಅಂದರೆ ಸಾಕು. ಗ್ರೀಕಿನ 'ದಿಯೊಯ್ಕಿಸ್ಮೊಸ್', 'ಸಿನೊಯ್ಕಿಸ್ಮೊಸ್' ಎರಡೂ ಪುಕ್ಕಟೆಯಾಗಿ ಬಗೆಹರಿದವು.

ಅಳತೆಗೂ ಹೊಂದುತ್ತದೆ. ಡೆನ್ಮಾರ್ಕಿನ ಮೊಗೆನ್ಸ್ ಹರ್ಮನ್ ಹ್ಯಾನ್ಸೆನ್ ತಂಡ 2004ರಲ್ಲಿ ಹೊರತಂದ ಪಟ್ಟಿಯಲ್ಲಿ 1,035 ಪೊಲಿಸ್ ಇವೆ. ಬಹಳಷ್ಟು ತೀರಾ ಸಣ್ಣವು. ಕೇಯೊಸ್ ದ್ವೀಪ ಇಡೀ ಸೇರಿದರೆ ಸುಮಾರು 130 ಚದರ ಕಿಲೋಮೀಟರ್, ಅದರಲ್ಲಿ ನಾಲ್ಕು ಪೊಲಿಸ್! ಇವನ್ನು ನಗರರಾಜ್ಯ ಅನ್ನಲು ನನಗಂತೂ ಬಾಯಿ ಬರುವುದಿಲ್ಲ.

ಆದರೆ ತೊಡಕೂ ಇದೆ, ಅದಕ್ಕೇ ಇಲ್ಲಿ ಬರೆಯುತ್ತಿರುವುದು. ಒಂದು, 'ಅಥೆನ್ಸ್ ಊರು ಸ್ಪಾರ್ಟ ಊರಿನ ಮೇಲೆ ದಂಡೆತ್ತಿ ಹೋಯಿತು' ಅಂದರೆ ಪಕ್ಕದೂರಿನ ಜೊತೆ ಕ್ರಿಕೆಟ್ ಮ್ಯಾಚಿನ ಜಗಳದ ಹಾಗೆ ಕೇಳುತ್ತದೆ. ಎರಡನೆಯದು ಇನ್ನೂ ಗಟ್ಟಿ. ನಮ್ಮ 'ಊರಿನವರು' ಅನ್ನುವುದರಲ್ಲಿ ಅಲ್ಲಿ ಬದುಕುವ ಎಲ್ಲರೂ ಬರುತ್ತಾರೆ, ಕನಿಷ್ಠ ಮಾತಿನ ಮಟ್ಟಿಗಾದರೂ. ಪೊಲಿಸ್‌ನ ಕೂಟದಲ್ಲಿ ಹೆಂಗಸರಿಗೆ ಮತ ಇಲ್ಲ, ಗುಲಾಮರಿಗೆ ಏನೂ ಇಲ್ಲ, ಹೊರಗಿನಿಂದ ಬಂದು ನೆಲೆಸಿದ ಮೆಟಿಕ್‌ಗಳು ತೆರಿಗೆ ಕಟ್ಟಬೇಕು, ಯುದ್ಧಕ್ಕೂ ಹೋಗಬೇಕು, ಸಭೆಗೆ ಮಾತ್ರ ಬರುವಂತಿಲ್ಲ. ಪೊಲಿಸ್ ಅಂದರೆ ಏನು, ಪೊಲಿಟೀಸ್ ಅಂದರೆ ಯಾರು ಅಂತ ಕೂದಲು ಸೀಳಿ ವಿವರಿಸಿದ ಅರಿಸ್ಟಾಟಲ್ ಉತ್ತರದ ಸ್ಟಗೈರದಿಂದ ಬಂದವನು, ಅಥೆನ್ಸಿನಲ್ಲಿ ಅವನೂ ಒಬ್ಬ ಮೆಟಿಕ್. 'ಊರು' ಅನ್ನುವ ಬೆಚ್ಚಗಿನ ಪದ ಹಾಕಿದರೆ ಈ ಬಾಗಿಲು ಮುಚ್ಚಿದ್ದು ಓದುವವರಿಗೆ ಕಾಣದೆ ಹೋಗುತ್ತದೆಯೇನೋ ಅನ್ನುವ ಭಯ.

ಸದ್ಯಕ್ಕೆ ನಾನು ಮಾಡಿರುವುದು ಹೀಗೆ: ಪೊಲಿಸ್ ಅಂದಲ್ಲೆಲ್ಲ 'ಊರು', ಅಸ್ಟುಗೆ 'ಪೇಟೆ', ಯುದ್ಧ ಒಪ್ಪಂದದ ವಾಕ್ಯಗಳಲ್ಲಿ ಗ್ರೀಕರ ಹಾಗೇ 'ಅಥೆನ್ಸಿನವರು', 'ಥೀಬ್ಸಿನವರು'. ಇದರಿಂದ ಕ್ರಿಕೆಟ್ ಮ್ಯಾಚಿನ ತೊಂದರೆ ಮುಕ್ಕಾಲು ಪಾಲು ತಪ್ಪಿತು. ಪೆರಿಯಾಯ್ಕೊಯ್‌ಗೆ 'ಸುತ್ತೂರಿನವರು' ಅಂದಿದ್ದೇನೆ, ಪದದ ಅರ್ಥವೂ ಸುತ್ತ ಇರುವವರು ಅಂತಲೇ.

ಉಳಿದದ್ದು ಪೊಲಿಟೀಸ್. 'ನಾಗರಿಕ' ಹಾಕಿದರೆ ಬಿಟ್ಟ ನಗರ ಹಿತ್ತಲ ಬಾಗಿಲಿನಿಂದ ಒಳಗೆ ಬರುತ್ತದೆ. 'ಪ್ರಜೆ' ಅಂದರೆ ಮೇಲೆ ಒಬ್ಬ ರಾಜ ಬೇಕು. 'ಊರಿಗ' ಅಂತ ಕಟ್ಟಿ ನೋಡಿದೆ, ಮನೆಯವರು ಬೇಡ ಅಂದರು. ಊರಿನ ಕೂಟದಲ್ಲಿ ಕೂರುವ ಹಕ್ಕು ಇರುವವನು, ಬರೀ ಅಲ್ಲಿ ವಾಸ ಇರುವವನಲ್ಲ, ಇಷ್ಟು ಅರ್ಥ ಬರುವ ಪದ ನಿಮ್ಮ ಕಡೆ ಬಳಕೆಯಲ್ಲಿ ಇದೆಯಾ? ಶಾಸನಗಳನ್ನು ಓದುವವರು ಇಲ್ಲಿ ಇದ್ದೀರಿ, 'ಒಕ್ಕಲು', 'ಮಹಾಜನ' ಇಂಥವು ದಾನಪತ್ರಗಳಲ್ಲಿ ಬರುವಾಗ ಈ ಅರ್ಥಕ್ಕೆ ಎಷ್ಟು ಹತ್ತಿರ ಇರುತ್ತವೆ ಅಂತ ಹೇಳಿದರೆ ಉಪಕಾರ. ಮುಂದಿನ ತಿಂಗಳು ಕರಡು ಮತ್ತೆ ತಿದ್ದಲು ಹೋಗುತ್ತದೆ, ಅಷ್ಟರೊಳಗೆ ಸಿಕ್ಕರೆ ಒಳ್ಳೆಯದು.