ನೋಟೀಸು ‘ಜಾರಿ’: ಹೊರಡಿಸಿದ್ದೋ, ಮುಟ್ಟಿಸಿದ್ದೋ?

ಪ್ರಶ್ನೆ

ಮಾನ್ಯರೇ, ಮುಂಬಯಿಯ ಮುಲುಂಡಿನ ಸೊಸೈಟಿಯೊಂದರಲ್ಲಿರುವ ಕನ್ನಡಿಗ ಹಿರಿಯರಿಗಾಗಿ, ಅವರ ಮನೆಗಳಿರುವ ನೆಲ ಖಾಸಗಿಯೋ ಸರ್ಕಾರಿ ಅರಣ್ಯವೋ ಎಂಬ ಹಳೆಯ ವ್ಯಾಜ್ಯದ ಟಿಪ್ಪಣಿಯೊಂದನ್ನು ಕನ್ನಡಕ್ಕೆ ತರುತ್ತಿದ್ದೇನೆ. ನಾಳೆ ಬೆಳಿಗ್ಗೆ ಅಚ್ಚಿಗೆ ಕೊಡಬೇಕಾಗಿದೆ. 1975ರ ಮಹಾರಾಷ್ಟ್ರ ಖಾಸಗಿ ಅರಣ್ಯ ಸ್ವಾಧೀನ ಕಾಯ್ದೆಯ ಪ್ರಕಾರ, 1927ರ ಭಾರತೀಯ ಅರಣ್ಯ ಕಾಯ್ದೆಯ 35(3)ನೇ ಪ್ರಕರಣದಡಿ ನೋಟೀಸು ‘ಇಶ್ಯೂ’ ಆಗಿದ್ದ ಜಮೀನೂ ಖಾಸಗಿ ಅರಣ್ಯವೇ ಆಗಿದ್ದು, ಅಂಥದ್ದು 1975ರ ಆಗಸ್ಟ್ 30ರಂದು ಸರ್ಕಾರಕ್ಕೆ ‘ವೆಸ್ಟ್’ (vest) ಆಗುತ್ತದೆ, ಎಂದರೆ ಅದರ ಒಡೆತನ ಸರ್ಕಾರಕ್ಕೆ ಹೋಗುತ್ತದೆ. ಬರೀ ‘ಇಶ್ಯೂ’ ಸಾಕೋ, ‘ಸರ್ವ್’ ಕೂಡ ಆಗಿರಬೇಕೋ ಎಂಬುದೇ ಮೊಕದ್ದಮೆಯ ತಿರುಳು. ನನ್ನ ಕರಡಿನಲ್ಲಿ ಎರಡಕ್ಕೂ ‘ಜಾರಿ’ ಎಂದೇ ಬಂದು, ‘ನೋಟೀಸು ಜಾರಿಯಾಗಿದ್ದರೂ ಜಾರಿಯಾಗಿರಲಿಲ್ಲ’ ಎಂಬ ವಾಕ್ಯ ಹುಟ್ಟಿಕೊಂಡಿದೆ. ‘ವೆಸ್ಟ್’ಗೂ ಸರಿಯಾದ ಪದ ಬೇಕು. ದಯವಿಟ್ಟು ತಿಳಿಸಿ.

ಉತ್ತರ

‘ಜಾರಿ’ ನಮ್ಮದೇ ಮಾತು. ‘ಜಾರು’ ಧಾತುವಿನಿಂದ ಬಂದದ್ದು. ಅಧಿಕಾರಿಯ ಕೈಯಿಂದ ಜಾರಿ ಹೊರಬಿದ್ದದ್ದೇ ಜಾರಿ. ಆದುದರಿಂದ ‘ಇಶ್ಯೂ’ಗೆ ಅದು ಒಪ್ಪುತ್ತದೆ, ಇನ್ನೊಂದಕ್ಕೆ ‘ಮುಟ್ಟಿಸು’ ಎನ್ನಿ. ‘ನೋಟೀಸು’ ಬದಲು ‘ತಿಳಿವೋಲೆ’, ‘ಖಾಸಗಿ ಅರಣ್ಯ’ ಬದಲು ‘ತನ್ನೊಡೆತನದ ಕಾಡು’ ಎಂದಿರಲಿ. ಅರಣ್ಯ ಸಂಸ್ಕೃತ, ಖಾಸಗಿ ಅರಬ್ಬಿ. ಎರಡೂ ಸೇರಿದ ಕಲಬೆರಕೆಯನ್ನು ಕನ್ನಡಿಗರ ಮುಂದಿಡುವ ಅಗತ್ಯ ಕಾಣುವುದಿಲ್ಲ.

ಮತ್ತೊಂದು ಉತ್ತರ

ಮೇಲಿನ ವ್ಯುತ್ಪತ್ತಿಯನ್ನು ಕೈಬಿಡಬಹುದು. ‘ಜಾರಿ’ ಅರಬ್ಬಿ ಮೂಲದ್ದು. ಹರಿಯುವುದು, ಚಾಲ್ತಿಯಲ್ಲಿರುವುದು ಎಂಬ ಅರ್ಥದ ಮಾತು ಪಾರಸಿಯ ಮೂಲಕ ನಮ್ಮ ಕಚೇರಿಗಳಿಗೆ ಬಂದಿದೆ. ‘ಜಾರು’ ಧಾತುವಿನ ಜೊತೆ ಅದಕ್ಕೆ ಉಚ್ಚಾರಣೆಯ ಹೋಲಿಕೆಯ ಹೊರತು ಬೇರೆ ನಂಟಿಲ್ಲ.

ತೊಡಕಿರುವುದು ಬಳಕೆಯಲ್ಲಿ. ‘ಕೇಂದ್ರಕ್ಕೆ ಸುಪ್ರೀಂ ಕೋರ್ಟ್ ನೋಟೀಸ್ ಜಾರಿ’ ಎಂದು ಪತ್ರಿಕೆ ಬರೆದರೆ ಅದು ಹೊರಡಿಸಿದ ಸುದ್ದಿ. ಅದೇ ನಮ್ಮ ಸಿವಿಲ್ ನ್ಯಾಯಾಲಯದಲ್ಲಿ ಬೇಲೀಫನು ಸಮನ್ಸನ್ನು ಹಿಂದಕ್ಕೆ ತಂದು, ‘ಪ್ರತಿವಾದಿ ಮನೆಯಲ್ಲಿ ಸಿಗಲಿಲ್ಲವಾದ್ದರಿಂದ ಜಾರಿಯಾಗಿರುವುದಿಲ್ಲ’ ಎಂದು ಹಿಂಬದಿಯಲ್ಲಿ ಷರಾ ಬರೆದರೆ, ಅಲ್ಲಿ ಜಾರಿ ಎಂದರೆ ಮುಟ್ಟಿಸುವುದೇ. ಆ ಸಮನ್ಸು ನ್ಯಾಯಾಲಯದಿಂದ ಹೊರಟಿತ್ತೆಂಬುದರಲ್ಲಿ ಯಾರಿಗೂ ಸಂದೇಹವಿರುವುದಿಲ್ಲ. ಆದ್ದರಿಂದ ಈ ಟಿಪ್ಪಣಿಯಲ್ಲಿ ‘ಜಾರಿ’ಯನ್ನು ಎಲ್ಲಿಯೂ ಒಂಟಿಯಾಗಿ ಬಳಸಬಾರದೆಂಬುದು ನನ್ನ ಖಚಿತ ಅಭಿಪ್ರಾಯ. ‘ಹೊರಡಿಸು’ ಮತ್ತು ‘ಮಾಲೀಕರಿಗೆ ತಲುಪಿಸು’ ಎಂದು ಬಿಡಿಸಿ ಬರೆಯಿರಿ.

ಇದನ್ನು ಇಷ್ಟು ಒತ್ತಿ ಹೇಳುವುದಕ್ಕೆ ಕಾರಣವಿದೆ. ಆ ನೋಟೀಸುಗಳು ಬಹುಮಟ್ಟಿಗೆ 1950ರ ದಶಕದವು. ನಿಮ್ಮ ಜಮೀನನ್ನು ಏಕೆ ನಿರ್ಬಂಧಕ್ಕೆ ಒಳಪಡಿಸಬಾರದೆಂದು ಕಾರಣ ತೋರಿಸಿ ಎಂದಷ್ಟೇ ಕೇಳುವ ನೋಟೀಸು ಅದು. ಅದರ ಮುಂದಿನ ಹಂತವಾದ, ನಿರ್ಬಂಧವನ್ನು ಹೇರುವ 35(1)ರ ಅಧಿಸೂಚನೆ ಎಷ್ಟೋ ಕಡೆ ಹೊರಡಲೇ ಇಲ್ಲ. ನಡುವೆ ದಶಕಗಳು ಕಳೆದು, ಪರವಾನಗಿ ಪಡೆದ ಕಟ್ಟಡಗಳೆದ್ದು, ಜನ ಫ್ಲ್ಯಾಟು ಕೊಂಡು ನೆಲೆಯೂರಿದ ಮೇಲೆ, ಆ ನೆಲವೆಲ್ಲ 1975ರಲ್ಲೇ ಸರ್ಕಾರದ್ದಾಗಿದೆ ಎಂಬ ವಾದ ಎದ್ದಿತು. ನೋಟೀಸು ಹೊರಟಿದ್ದರೆ ಸಾಕೆಂದು 2000ದಲ್ಲಿ ಸುಪ್ರೀಂ ಕೋರ್ಟೇ ಬೇರೊಂದು ಪ್ರಕರಣದಲ್ಲಿ ಹೇಳಿತ್ತು; 2008ರಲ್ಲಿ ಬಾಂಬೆ ಹೈಕೋರ್ಟು ಭೂಮಾಲೀಕರ ಅರ್ಜಿಗಳನ್ನು ತಳ್ಳಿಹಾಕಿತು. 2014ರ ಜನವರಿ 30ರಂದು ಗೋದ್ರೆಜ್ ಆಂಡ್ ಬಾಯ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಆ ನಿಲುವನ್ನು ಬದಲಿಸಿ, ಕಾರಣ ಕೇಳುವ ನೋಟೀಸು ಮಾಲೀಕನಿಗೆ ತಲುಪದಿದ್ದರೆ ಉತ್ತರ ಕೊಡುವ ಅವಕಾಶವೇ ಅವನಿಗೆ ಇರುವುದಿಲ್ಲವಾದ್ದರಿಂದ, ‘ಇಶ್ಯೂ’ ಎಂಬುದರಲ್ಲಿ ತಲುಪಿಸುವುದೂ ಸೇರಿದೆ ಎಂದು ಅರ್ಥೈಸಿತು. ಹೀಗಿರುವಾಗ ಎರಡಕ್ಕೂ ‘ಜಾರಿ’ ಎಂದು ಬರೆದರೆ, ವಾದಿ ಪ್ರತಿವಾದಿಗಳಿಬ್ಬರೂ ಒಂದೇ ಮಾತು ಹೇಳಿದಂತೆ ಓದುಗರಿಗೆ ಕಾಣುತ್ತದೆ.

‘ವೆಸ್ಟ್’ಗೆ ನಮ್ಮ ಕರ್ನಾಟಕದ ಕಾಯ್ದೆಗಳ ಭಾಷಾಂತರದಲ್ಲಿ ‘ನಿಹಿತವಾಗು’ ಎಂದಿದೆ. ಸರಿಯಾದ ಪದವೇ, ಆದರೆ ವಕೀಲರ ಹೊರತು ಯಾರೂ ಬಳಸುವುದಿಲ್ಲ. ಒಮ್ಮೆ ‘ಸರ್ಕಾರದಲ್ಲಿ ನಿಹಿತವಾಗುತ್ತದೆ, ಎಂದರೆ ಒಡೆತನವೇ ಸರ್ಕಾರಕ್ಕೆ ಸೇರುತ್ತದೆ’ ಎಂದು ಬಿಡಿಸಿ ಹೇಳಿ, ಮುಂದೆ ‘ಸರ್ಕಾರಕ್ಕೆ ಸೇರುವುದು’ ಎಂದೇ ಬರೆದರಾಯಿತು. ಇದನ್ನು ನಮ್ಮಲ್ಲಿನ ‘ಪರಿಭಾವಿತ ಅರಣ್ಯ’ದೊಡನೆ (ಊರಿನ ಮಾತಲ್ಲಿ ಡೀಮ್ಡ್ ಫಾರೆಸ್ಟ್) ಬೆರೆಸಬೇಡಿ. ಹಿಡುವಳಿ ಜಮೀನು ಪರಿಭಾವಿತ ಅರಣ್ಯದ ಪಟ್ಟಿಗೆ ಸೇರಿದ ಮಾತ್ರಕ್ಕೆ ಒಡೆತನ ಬದಲಾಗುವುದಿಲ್ಲ, ಬಳಕೆಗೆ ನಿರ್ಬಂಧ ಬೀಳುತ್ತದೆ. ನಿಹಿತವಾದದ್ದರಲ್ಲಿ ಒಡೆತನವೇ ಹೋಗುತ್ತದೆ.

ಇನ್ನು ‘ಅರಣ್ಯ’ವನ್ನು ‘ಕಾಡು’ ಮಾಡುವ ಸಲಹೆಯಂತೂ ಅಪಾಯಕಾರಿ. ಈ ಕಾಯ್ದೆಯ ವ್ಯಾಖ್ಯೆಯಂತೆ ಒಂದೂ ಮರವಿಲ್ಲದ ಜಾಗವೂ ಅರಣ್ಯವಾಗಬಹುದು. ಗೋದಾವರ್ಮನ್ ಎಂಬ ಅರಣ್ಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಕೊಟ್ಟ 1996ರ ಡಿಸೆಂಬರ್ 12ರ ಆದೇಶವು, ನಿಘಂಟಿನ ಅರ್ಥದಲ್ಲಿ ಅರಣ್ಯವಾದದ್ದನ್ನೂ ಸರ್ಕಾರಿ ದಾಖಲೆಯಲ್ಲಿ ಹಾಗೆ ನಮೂದಾದದ್ದನ್ನೂ, ಒಡೆಯರು ಯಾರೇ ಆಗಿರಲಿ, ಅರಣ್ಯ ಸಂರಕ್ಷಣಾ ಕಾಯ್ದೆಯೊಳಗೆ ತಂದಿತು. ಕಣ್ಣಿಗೆ ಕಾಣುವುದು ಕಾಡು, ಕಡತದಲ್ಲಿರುವುದು ಅರಣ್ಯ. ಈ ಎರಡು ಪದಗಳ ನಡುವಿನ ಅಂತರ ಕನ್ನಡಕ್ಕೆ ಸುಮ್ಮನೆ ಸಿಕ್ಕ ಲಾಭ. ಅದನ್ನು ಕಳೆದುಕೊಳ್ಳುವ ಹಟ ಬೇಡ.

ಪ್ರತ್ಯುತ್ತರ

ಅರಬ್ಬಿ ಎಂದು ಒಪ್ಪಿಕೊಂಡ ಮೇಲೂ ‘ಜಾರಿ’ಯ ಬಗ್ಗೆ ಇಷ್ಟು ಉದ್ದ ಬರೆಯಬೇಕಿತ್ತೇ? ‘ನಿಹಿತ’ ಅರ್ಥವಾಗದೆಂದು ಬರೆದವರೇ ಅದನ್ನು ಉಳಿಸಿಕೊಂಡಿದ್ದಾರೆ. ನ್ಯಾಯಾಲಯದ ಕನ್ನಡ ಕೆಟ್ಟಿರುವುದೇ ಇಂಥ ರಾಜಿಗಳಿಂದ.

ಮತ್ತೊಂದು ಉತ್ತರ

ವಕೀಲ, ಅರ್ಜಿ, ಜಮೀನು, ದಾಖಲೆ, ಷರಾ ಇವನ್ನೆಲ್ಲ ತೆಗೆದು ಒಂದು ಭೂವ್ಯಾಜ್ಯದ ಕಥೆಯನ್ನು ಇಲ್ಲಿಯೇ ಬರೆದು ತೋರಿಸಲಿ, ಆಮೇಲೆ ಮಾತಾಡೋಣ. ಸದ್ಯಕ್ಕೆ ಕೇಳಿದವರಿಗೆ ಎರಡು ಕ್ರಿಯಾಪದ ಬೇಕಿತ್ತು.

ಪ್ರಶ್ನೆ ಕೇಳಿದವರಿಂದ

ಎಲ್ಲರಿಗೂ ವಂದನೆಗಳು. ವಾಕ್ಯವನ್ನು ಹೀಗೆ ತಿದ್ದಿ ಅಚ್ಚಿಗೆ ಕಳುಹಿಸುತ್ತಿದ್ದೇನೆ: ‘ಸರ್ಕಾರವು ನೋಟೀಸನ್ನು ಹೊರಡಿಸಿತ್ತಾದರೂ ಅದು ಮಾಲೀಕರಿಗೆ ತಲುಪಿತ್ತೆಂಬುದಕ್ಕೆ ಆಧಾರವಿಲ್ಲದಿದ್ದರೆ, ಆ ನೋಟೀಸೊಂದರ ಬಲದಿಂದಲೇ ಜಮೀನು ಖಾಸಗಿ ಅರಣ್ಯವೆನಿಸಿ ಸರ್ಕಾರಕ್ಕೆ ಸೇರುವುದಿಲ್ಲ.’ ತಪ್ಪಿದ್ದರೆ ರಾತ್ರಿಯೊಳಗೆ ತಿಳಿಸಿ.